ಮಾತು ಕೊಟ್ಟ ಬೆಳ್ಳಾವೆ ಶಾಸ್ತ್ರಿಗಳು

ಮದ್ದೂರು ಬಳಿಯ ಗೆಜ್ಜಲಗೆರೆಯ ಆಸುಪಾಸಿನ ಊರುಗಳಲ್ಲಿ ಹಬ್ಬ ಹತ್ತಿರ ಬಂತೆಂದರೆ ಪೌರಾಣಿಕ ನಾಟಕದ ಮಾತೇಳುತ್ತದೆ. ಹಗಲು ಕಬ್ಬಿನ ಗದ್ದೆಗೆ ನೀರು ಕಟ್ಟಿ, ಸಂಜೆ ಡೇರಿಗೆ ಹಾಲು ಹಾಕಿ ಬಂದವರು ರಾತ್ರಿ ಹಾರ್ಮೋನಿಯಂ ಮೇಷ್ಟ್ರ ಮುಂದೆ ಕೂತು ರಾಗ ಎಳೆಯುತ್ತಾರೆ. ಪಾತ್ರಕ್ಕೆ ದುಡ್ಡನ್ನೂ ಅವರೇ ಕಟ್ಟುತ್ತಾರೆ. ದುರ್ಯೋಧನನಿಗೆ ಹೆಚ್ಚು, ದೂತನಿಗೆ ಕಡಿಮೆ. ಕರಪತ್ರದಲ್ಲಿ ಪಾತ್ರಧಾರಿಗಳ, ಮೇಷ್ಟ್ರ, ಸೀನರಿಯವರ ಹೆಸರು ದಪ್ಪಕ್ಷರದಲ್ಲಿ ಇರುತ್ತದೆ. ಮಾತು ಬರೆದವರು ಯಾರೆಂದು ವಿಚಾರಿಸುವವರು ಕಡಿಮೆ.

ಸಿನಿಮಾದಲ್ಲೂ ಇದೇ ಕಥೆ.

ದಾದಾಸಾಹೇಬ್ ಫಾಲ್ಕೆಯವರ ಮೂಕಿಚಿತ್ರ 'ರಾಜಾ ಹರಿಶ್ಚಂದ್ರ' 1913ರಲ್ಲಿ ತೆರೆಕಂಡಿತು. ಮೂಕಿಚಿತ್ರದ ಬರಹಗಾರನಿಗೆ ಕಥೆ ಹೊಸೆಯುವುದರ ಜೊತೆಗೆ ಉಳಿದಿದ್ದು ದೃಶ್ಯಗಳ ನಡುವೆ ಬರುವ ಒಂದೆರಡು ಸಾಲಿನ ಬರಹ ಮಾತ್ರ. ಬೆಂಗಳೂರಿನಲ್ಲಿ ಸೂರ್ಯ ಫಿಲ್ಮ್ ಕಂಪನಿ ಮೂಕಿಗಳನ್ನು ತಯಾರಿಸಿತು. ನಾಟಕ ಕಂಪನಿಯ ಗುಬ್ಬಿ ವೀರಣ್ಣನವರೂ ಅದಕ್ಕೆ ಕೈಹಾಕಿದರು. ಅವರ 'ಹರಿಮಾಯಾ'ವನ್ನು ವೈ.ವಿ. ರಾವ್ ನಿರ್ದೇಶಿಸಿದರು. ಆ ಹೊತ್ತಿಗೆ, 1931ರಲ್ಲೇ, ಬೊಂಬಾಯಿಯ 'ಆಲಂ ಆರಾ' ಮಾತಾಡಿ ಆಗಿತ್ತು.

ಕನ್ನಡಕ್ಕೂ ಬಾಯಿ ಬರಬೇಕಾದಾಗ ಅದೇ ವೈ.ವಿ. ರಾವ್ ನಿರ್ದೇಶಕರಾದರು, ಬರೆಯಲು ಬೆಳ್ಳಾವೆ ನರಹರಿ ಶಾಸ್ತ್ರಿಗಳು ಬಂದರು. ತುಮಕೂರು ಸೀಮೆಯ ಬೆಳ್ಳಾವೆಯಲ್ಲಿ 1882ರಲ್ಲಿ ಹುಟ್ಟಿದ ಶಾಸ್ತ್ರಿಗಳು ಆಗಲೇ ಗುಬ್ಬಿ ಕಂಪನಿಯ ನಾಟಕಕಾರರು. 'ಕೃಷ್ಣಲೀಲಾ', 'ಸದಾರಮೆ' ಅವರವೇ. ಕೊನೆಯ ಸಾಲಿನ ಪ್ರೇಕ್ಷಕನಿಗೂ ಮುಟ್ಟುವಂತೆ ಮಾತು ಕಟ್ಟುವುದು, ಮಾತು ಎಲ್ಲಿ ಹಾಡಾಗಿ ಏಳಬೇಕೆಂದು ಗುರುತಿಸುವುದು ರಂಗಭೂಮಿಯಲ್ಲಿ ಪಳಗಿದ ವಿದ್ಯೆ. ಚಿತ್ರಕಥೆ ಬರೆಯುವುದನ್ನು ಹೇಳಿಕೊಡುವ ಶಾಲೆ ಆಗ ಇಲ್ಲಿ ಎಲ್ಲಿತ್ತು?

ಹಾಗೆ ಆದದ್ದು 'ಸತಿ ಸುಲೋಚನಾ'. ಹಣ ಹಾಕಿದವರು ಚಮನ್‌ಲಾಲ್ ಡೂಂಗಾಜಿ, ಚಿತ್ರೀಕರಣ ಕೊಲ್ಲಾಪುರದಲ್ಲಿ. ಸುಬ್ಬಯ್ಯ ನಾಯ್ಡು ಇಂದ್ರಜಿತ್, ನಾಗೇಂದ್ರರಾಯರು ರಾವಣ, ತ್ರಿಪುರಾಂಬ ಸುಲೋಚನೆ. 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ಬಿಡುಗಡೆಯಾಯಿತು. ರಾಮಾಯಣದ ಕಥೆಯಾದರೂ ಅದರ ಕೇಂದ್ರದಲ್ಲಿ ಇದ್ದವಳು ಇಂದ್ರಜಿತುವಿನ ಹೆಂಡತಿ. ಗೆದ್ದವರ ಮನೆಯನ್ನು ಬಿಟ್ಟು ಸೋತವರ ಮನೆಯ ಹೆಣ್ಣಿನ ಸಂಕಟದಿಂದ ಕನ್ನಡ ವಾಕ್ಚಿತ್ರ ಮಾತು ಶುರುಮಾಡಿತು ಎಂಬುದು ಸಣ್ಣ ಸಂಗತಿಯಲ್ಲ.

ಆ ಚಿತ್ರದ ಪ್ರತಿ ಉಳಿದಿಲ್ಲ. ನಟರ ಹೆಸರನ್ನು ಜನ ಇನ್ನೂ ಹೇಳುತ್ತಾರೆ, ನಾಗೇಂದ್ರರಾಯರಂತೂ ಮುಂದೆಯೂ ಬಹುಕಾಲ ತೆರೆಯ ಮೇಲೆ ಮೆರೆದರು. 1961ರಲ್ಲಿ ತೀರಿಕೊಂಡ ಶಾಸ್ತ್ರಿಗಳನ್ನು ನೆನೆಯುವುದು ರಂಗಭೂಮಿಯ ಹಳಬರೇ ಹೆಚ್ಚು. ಕನ್ನಡ ಸಿನಿಮಾದ ಮೊದಲ ಮಾತು ಬರೆದ ಕೈಗೆ ಇದು ತೀರಾ ಕಡಿಮೆಯಾಯಿತು.

ಆದರೂ ಅವರು ಬರೆದದ್ದು ಎಲ್ಲಾದರೂ ಸಿಕ್ಕೀತೆಂಬ ಆಸೆ ಬಿಡಬೇಕಾಗಿಲ್ಲ. ಆ ಕಾಲದಲ್ಲಿ ನಾಟಕ, ಸಿನಿಮಾ ಎರಡಕ್ಕೂ ಹಾಡಿನ ಪುಸ್ತಕ ಅಚ್ಚಾಗುತ್ತಿತ್ತು. ಮದ್ದೂರು, ಮಳವಳ್ಳಿ, ಮಂಡ್ಯದ ಎಷ್ಟೋ ಮನೆಗಳಲ್ಲಿ ತಾತ, ಮುತ್ತಾತ ಬಣ್ಣ ಹಚ್ಚಿದವರು. ಅಟ್ಟದ ಮೇಲಿನ ಟ್ರಂಕಿನಲ್ಲಿ ಅಂಥ ಪುಸ್ತಕವೋ ಕರಪತ್ರವೋ ಸಿಕ್ಕರೆ ದಯವಿಟ್ಟು ಗುಜರಿಗೆ ಹಾಕಬೇಡಿ, ಹತ್ತಿರದ ಗ್ರಂಥಾಲಯಕ್ಕೆ ತಲುಪಿಸಿ. ಈ ಸಲದ ನಾಟಕದ ಕರಪತ್ರದಲ್ಲಿ ಬರೆದವರ ಹೆಸರನ್ನೂ ದಪ್ಪಕ್ಷರದಲ್ಲೇ ಹಾಕಿಸಿ.