ಆರು ಸೂರ್ಯರ ನಾಡಿನ ಒಂದು ರಾತ್ರಿ

ರಾತ್ರಿಯೆಂಬುದೇ ಇಲ್ಲದ ಲೋಕವೊಂದನ್ನು ಕಲ್ಪಿಸಿಕೊಳ್ಳಿ. ಅದರ ಆಕಾಶದಲ್ಲಿ ಆರು ಸೂರ್ಯರು. ಒಬ್ಬ ಅಸ್ತಮಿಸುವ ಹೊತ್ತಿಗೆ ಇನ್ನೊಬ್ಬ ಉದಯಿಸಿರುತ್ತಾನೆ. ಅಲ್ಲಿಯ ಜನ ಕತ್ತಲೆಯನ್ನು ಕಂಡವರಲ್ಲ. ನಕ್ಷತ್ರವೆಂಬುದು ಅವರ ಪಾಲಿಗೆ ಪುರಾತನ ಧರ್ಮಗ್ರಂಥವೊಂದರಲ್ಲಿ ಉಳಿದುಬಂದ, ಅರ್ಥವಾಗದ ಒಂದು ಪದ. ಐಸಾಕ್ ಅಸಿಮೋವ್ 1941ರಲ್ಲಿ ತಮ್ಮ 21ನೆಯ ವಯಸ್ಸಿನಲ್ಲಿ ಬರೆದ ‘ನೈಟ್‌ಫಾಲ್’ ಕಥೆಯ ಲಾಗಾಶ್ ಗ್ರಹ ಇಂಥದು.

ಆ ಗ್ರಹಕ್ಕೂ ಒಂದು ರಾತ್ರಿ ಉಂಟು. ಆದರೆ ಅದು ಬರುವುದು 2049 ವರ್ಷಗಳಿಗೊಮ್ಮೆ. ಐದು ಸೂರ್ಯರು ಗ್ರಹದ ಮತ್ತೊಂದು ಬದಿಗೆ ಸರಿದು, ಬೀಟಾ ಎಂಬ ಕೆಂಪು ಕುಬ್ಜ ಸೂರ್ಯನೊಬ್ಬನೇ ಆಗಸದಲ್ಲಿ ಉಳಿದಿರುವಾಗ, ಯಾರೂ ಕಂಡರಿಯದ ಚಂದ್ರನೊಂದು ಅವನಿಗೆ ಅಡ್ಡ ಬರುತ್ತದೆ. ಗ್ರಹಣ ಅರ್ಧ ದಿನಕ್ಕಿಂತಲೂ ಹೆಚ್ಚು ಕಾಲ ಇರುವುದರಿಂದ ಗ್ರಹದ ಯಾವ ಭಾಗವೂ ಕತ್ತಲೆಯಿಂದ ತಪ್ಪಿಸಿಕೊಳ್ಳಲಾರದು. ಚಂದ್ರನನ್ನು ಕಾಣದೆಯೇ ಅವನಿದ್ದಾನೆಂದು ಅಲ್ಲಿಯ ಖಗೋಳಜ್ಞರು ಹೇಗೆ ತಿಳಿದರು? ಗ್ರಹದ ಪಥವು ಲೆಕ್ಕಕ್ಕೆ ಹೊಂದದೆ ಹೋದದ್ದರಿಂದ. ಯುರೇನಸ್‌ನ ಚಲನೆಯಲ್ಲಿ ಕಂಡ ವ್ಯತ್ಯಾಸದಿಂದಲೇ 1846ರಲ್ಲಿ ನೆಪ್ಚೂನ್ ಪತ್ತೆಯಾದದ್ದನ್ನು ಬಲ್ಲವರಿಗೆ ಈ ತರ್ಕ ಹೊಸದಲ್ಲ.

ವಿಜ್ಞಾನ ಬೋಧಿಸುತ್ತಿದ್ದ ವರ್ಷಗಳಲ್ಲಿ, ಗ್ರಹಣದ ಪಾಠ ಬಂದಾಗಲೆಲ್ಲ ಈ ಕಥೆಯನ್ನು ಹೇಳುವುದು ನನ್ನ ರೂಢಿಯಾಗಿತ್ತು. ಕಥೆಯ ಕೊನೆಯಲ್ಲಿ ಕತ್ತಲೆ ಕವಿಯುತ್ತದೆ. ಬೆಳಕಿಗಾಗಿ ಹಪಹಪಿಸಿದ ಜನ ಕೈಗೆ ಸಿಕ್ಕಿದ್ದಕ್ಕೆಲ್ಲ ಬೆಂಕಿ ಹಚ್ಚಿ ತಮ್ಮ ನಗರವನ್ನೇ ಸುಡುತ್ತಾರೆ. ವೀಕ್ಷಣಾಲಯದಲ್ಲಿದ್ದ ವಿಜ್ಞಾನಿಗಳಿಗೂ ಬುದ್ಧಿ ಸ್ಥಿಮಿತದಲ್ಲಿ ಉಳಿಯುವುದಿಲ್ಲ. ಒಮ್ಮೆ ಹತ್ತನೆಯ ತರಗತಿಯ ಹುಡುಗಿಯೊಬ್ಬಳು ಎದ್ದುನಿಂತು, “ಸಾರ್, ಲೆಕ್ಕ ಹಾಕಿದವರೇ ಅವರು. ಹಾಗಿದ್ದೂ ಅವರಿಗೇಕೆ ಹುಚ್ಚು ಹಿಡಿಯಿತು?” ಎಂದು ಕೇಳಿದಳು. ಕಥೆಯ ಮರ್ಮವೆಲ್ಲ ಆ ಪ್ರಶ್ನೆಯಲ್ಲಿಯೇ ಇದೆಯೆಂದು ನನಗೆ ಅನ್ನಿಸುತ್ತದೆ.

ಲಾಗಾಶಿನ ವಿಜ್ಞಾನಿಗಳು ಸಿದ್ಧತೆ ಮಾಡಿಕೊಳ್ಳದೆ ಇರಲಿಲ್ಲ. ಅವರಲ್ಲಿ ಇಬ್ಬರು ತರುಣರು ಕೋಣೆಯೊಂದಕ್ಕೆ ಕಪ್ಪು ಮಖಮಲ್ಲು ಹೊದಿಸಿ, ಮಾಡಿನಲ್ಲಿ ಸಣ್ಣ ರಂಧ್ರಗಳನ್ನು ಕೊರೆದು, ನಕ್ಷತ್ರಗಳೆಂದರೆ ಹೀಗಿರಬಹುದೆಂದು ಪರೀಕ್ಷಿಸಿಯೂ ನೋಡಿದ್ದರು, ಅವರಿಗೇನೂ ಆಗಲಿಲ್ಲ. ವಿಶ್ವದಲ್ಲಿ ಹತ್ತಿಪ್ಪತ್ತು ಸೂರ್ಯರು ಇದ್ದಾರೆಂಬುದೇ ಅವರ ಅತಿ ಸಾಹಸದ ಊಹೆಯಾಗಿತ್ತು. ಗ್ರಹಣದ ಹೊತ್ತಿನಲ್ಲಿ ಕಂಡದ್ದು ಮೂವತ್ತು ಸಾವಿರ! ಕತ್ತಲೆಯ ಲೆಕ್ಕ ಅವರಿಗೆ ತಿಳಿದಿತ್ತು, ಕತ್ತಲೆಯ ಬಳಕೆ ಇರಲಿಲ್ಲ.

ಕ್ರಿ.ಶ. 499ರ ‘ಆರ್ಯಭಟೀಯ’ದಲ್ಲಿಯೇ ಗ್ರಹಣವೆಂಬುದು ನೆರಳಿನ ಆಟವೆಂಬ ವಿವರಣೆ ಇದೆ. ಆದರೂ 1962ರ ಫೆಬ್ರವರಿಯಲ್ಲಿ ಮಕರ ರಾಶಿಯಲ್ಲಿ ಅಷ್ಟಗ್ರಹಗಳು ಕೂಡಿದಾಗ ಪ್ರಳಯದ ಭೀತಿ ದೇಶವನ್ನೆಲ್ಲ ಆವರಿಸಿತ್ತು. ಶಾಂತಿ ಹೋಮಗಳು ನಡೆದವು. 2019ರ ಡಿಸೆಂಬರ್ 26ರ ಗ್ರಹಣದಂದು ನಮ್ಮದೇ ಕಲಬುರಗಿಯ ಸಮೀಪ, ಅಂಗವೈಕಲ್ಯ ವಾಸಿಯಾಗುವುದೆಂಬ ನಂಬಿಕೆಯಿಂದ ಮಕ್ಕಳನ್ನು ಕತ್ತಿನವರೆಗೆ ಮಣ್ಣಿನಲ್ಲಿ ಹೂತರು. ಗ್ರಹಣದ ಕ್ಷಣವನ್ನು ಪಂಚಾಂಗವೂ ನಿಖರವಾಗಿಯೇ ಹೇಳುತ್ತದೆ. ಆದ್ದರಿಂದ ತಿಳಿವಳಿಕೆಯೊಂದೇ ಭಯಕ್ಕೆ ಮದ್ದಲ್ಲ.

ಮದ್ದು ಯಾವುದು? 1980ರ ಫೆಬ್ರವರಿ 16ರ ಅಪರಾಹ್ನ ಅಂಕೋಲಾ, ಹುಬ್ಬಳ್ಳಿ, ರಾಯಚೂರುಗಳ ಮೇಲೆ ಖಗ್ರಾಸ ಸೂರ್ಯಗ್ರಹಣದ ನೆರಳು ಹಾದುಹೋಯಿತು. ಹುಬ್ಬಳ್ಳಿಯ ಬಳಿಯ ನಮ್ಮ ಊರಿನ ಬೀದಿಗಳು ಬಿಕೋ ಎನ್ನುತ್ತಿದ್ದವು. ಬಿ.ಎಡ್. ವಿದ್ಯಾರ್ಥಿಯಾಗಿದ್ದ ನಾನು ಮಾಳಿಗೆಯ ಮೇಲಿದ್ದೆ. ಅಜ್ಜಿ ನೀರಿನ ಕೊಡಗಳ ಮೇಲೆ ದರ್ಭೆ ಇಟ್ಟು, ಬಾಗಿಲು ಹಾಕಿಕೊಂಡು ಜಪಕ್ಕೆ ಕುಳಿತಿದ್ದರು. ಎರಡು ನಿಮಿಷಕ್ಕೂ ಮಿಕ್ಕಿ ಹಗಲು ಆರಿಹೋಯಿತು. ಹಕ್ಕಿಗಳು ಗೂಡಿಗೆ ಮರಳಿದವು. ಬೆಳಕು ಮರಳಿದ ಮೇಲೆ ಕೆಳಗಿಳಿದು ಬಂದ ನನ್ನನ್ನು ಅಜ್ಜಿ ಬಾಗಿಲ ಸಂದಿನಿಂದಲೇ, “ಏನು ಕಂಡಿತೋ?” ಎಂದು ಕೇಳಿದರು. “ಶುಕ್ರ ಕಂಡಿತು” ಎಂದೆ. ಅವರು ಒಂದು ಕ್ಷಣ ಸುಮ್ಮನಿದ್ದು, “ಬೆಳ್ಳಿಚುಕ್ಕಿಯೇ? ಅದು ನಮ್ಮದೇ ಅಲ್ಲವೇ” ಎಂದು ಬಾಗಿಲು ತೆರೆದರು. ಬೆಳ್ಳಿ ಮೂಡುವ ಹೊತ್ತಿಗೆ ಎದ್ದು ಅಂಗಳಕ್ಕೆ ನೀರು ಹಾಕುತ್ತಿದ್ದ ಜೀವವದು. ನಾನು ಮೊದಲೇ ಬಿಡಿಸಿ ತೋರಿಸಿದ್ದ ನೆರಳಿನ ಚಿತ್ರದಿಂದ ಆಗದ ಧೈರ್ಯ ಅವರಿಗೆ ಆ ಹಳೆಯ ಪರಿಚಯದಿಂದ ಬಂದಿತ್ತು.

ಆ ಹುಡುಗಿಗೆ ನಾನು ಕೊಟ್ಟ ಉತ್ತರವೂ ಇದೇ. ನಮಗೆ ಪ್ರತಿ ಸಂಜೆಯೂ ಒಂದು ಪುಟ್ಟ ಗ್ರಹಣ. ಚಂದಮಾಮನನ್ನು ತೋರಿಸಿ ತುತ್ತು ಉಣ್ಣಿಸಿದ ತಾಯಂದಿರು, ಸಪ್ತರ್ಷಿ ಮಂಡಲವನ್ನು ನೋಡಿ ಹೊತ್ತು ತಿಳಿಯುತ್ತಿದ್ದ ರೈತರು, ನಮಗರಿವಿಲ್ಲದಂತೆಯೇ ನಮ್ಮನ್ನು ಆಕಾಶಕ್ಕೆ ಒಗ್ಗಿಸಿದ್ದಾರೆ.

ಈ ಒಗ್ಗಿಕೆ ಈಗ ಕಳೆದುಹೋಗುತ್ತಿದೆಯೇ ಎಂಬುದು ನನ್ನ ಆತಂಕ. ನಿರ್ಮಲವಾದ ಕತ್ತಲೆಯಲ್ಲಿ ಬರಿಗಣ್ಣಿಗೆ ಒಮ್ಮೆಗೆ ಎರಡು ಸಾವಿರಕ್ಕೂ ಮೇಲ್ಪಟ್ಟು ನಕ್ಷತ್ರಗಳು ಕಾಣುತ್ತವೆ. ಬೆಂಗಳೂರಿನ ನಡುವೆ ಅವುಗಳನ್ನು ಬೆರಳಲ್ಲಿ ಎಣಿಸಬಹುದು. ಬೀದಿದೀಪ, ಜಾಹೀರಾತು ಫಲಕ, ಅಂಗೈಯ ಮೊಬೈಲು – ಆರು ಸೂರ್ಯರನ್ನು ನಾವೇ ಕಟ್ಟಿಕೊಂಡಿದ್ದೇವೆ. ಆಕಾಶಗಂಗೆಯನ್ನು ಪಠ್ಯಪುಸ್ತಕದ ಚಿತ್ರದಲ್ಲಿ ಮಾತ್ರ ಕಂಡ ಮಕ್ಕಳು ಹೆಚ್ಚುತ್ತಿದ್ದಾರೆ. ಮಾಡಿನ ರಂಧ್ರಗಳನ್ನೇ ನಕ್ಷತ್ರವೆಂದು ತಿಳಿದ ಆ ಇಬ್ಬರು ತರುಣರಿಗೂ ಇವರಿಗೂ ಏನು ವ್ಯತ್ಯಾಸ?

ಓದುಗ ಮಿತ್ರರಲ್ಲಿ ನನ್ನದೊಂದು ವಿನಂತಿ. ಮುಂದಿನ ಬಾರಿ ಕರೆಂಟು ಹೋದಾಗ ಇನ್ವರ್ಟರಿನ ದೀಪ ಹಚ್ಚಲು ಅವಸರಪಡಬೇಡಿ. ಮೊಮ್ಮಕ್ಕಳ ಕೈ ಹಿಡಿದು ಮಾಳಿಗೆಗೆ ಹೋಗಿ. ಕಣ್ಣು ಕತ್ತಲೆಗೆ ಹೊಂದಿಕೊಳ್ಳಲು ಇಪ್ಪತ್ತು ನಿಮಿಷವಾದರೂ ಬೇಕು. ಅಷ್ಟು ಹೊತ್ತು ಯಾವುದಾದರೊಂದು ಕಥೆ ಹೇಳುತ್ತ ಕುಳಿತಿರಿ.