ನಡುವಣ್ಣಂದಿರು

ಮೊದಲೇ ಹೇಳಿಬಿಡ್ತೀವಿ. ನಾವು ಮೂವರೂ ಇಂಗ್ಲಿಷ್ ಮೀಡಿಯಂ. ಒತ್ತಕ್ಷರ ಎಲ್ಲಾದ್ರೂ ತಪ್ಪಿದ್ರೆ ಅಡ್ಜಸ್ಟ್ ಮಾಡ್ಕೊಳ್ಳಿ. ಟೈಪ್ ಮಾಡ್ತಿರೋದು ಒಬ್ಬರೇ ಆದ್ರೂ ಇದು ಇಡೀ ರೂಮಿನ ಲೇಖನ, ಅದಕ್ಕೇ 'ನಾವು'.

ಫಸ್ಟ್ ಇಯರ್‌ನಲ್ಲಿ ಒಂದು ರಾತ್ರಿ ಹಾಸ್ಟೆಲಿನಲ್ಲಿ ಕರೆಂಟ್ ಹೋಗಿತ್ತು. ಆಗ ರೂಮಿನಲ್ಲಿ ನಾವು ನಾಲ್ವರು. ನಾಲ್ಕನೆಯವನು ರಾಯಚೂರು ಕಡೆಯವನು, ಕನ್ನಡ ಮೀಡಿಯಂ. ಮೊಬೈಲ್ ಟಾರ್ಚ್ ಬಾಗಿಲ ಕಡೆ ತಿರುಗಿಸಿದಾಗ ಬಕೆಟ್, ಚಪ್ಪಲಿ, ಒಣಗಲು ಹಾಕಿದ್ದ ಟವೆಲ್ ಎಲ್ಲದರ ನೆರಳೂ ಸೇರಿ, ಹೊಸ್ತಿಲ ಮೇಲೆ ಯಾರೋ ಕುಕ್ಕರಗಾಲಲ್ಲಿ ಕೂತ ಹಾಗೆ ಕಾಣಿಸ್ತು. ನಾವು ಬೆಚ್ಚಿಬಿದ್ದೆವು. ಅವನು ಮಾತ್ರ ಆರಾಮಾಗಿ, "ಅಂವ ನಡುವಣ್ಣಲೇ. ಒಳಗೂ ಬರಂಗಿಲ್ಲ, ಹೊರಗೂ ಹೋಗಂಗಿಲ್ಲ. ಕಾಯ್ತಾನ, ಅಷ್ಟ" ಅಂದ.

ಆಮೇಲೆ ಒಂದು ತಿಂಗಳು ನಮಗೆ ಅದೇ ಆಟ. ನಡುವಣ್ಣಂದಿರು ಅಂದ್ರೆ ನೆರಳಿನ ಜಾತಿ. ಒಂದು ಮುಗಿದು ಇನ್ನೊಂದು ಶುರುವಾಗೋ ಜಾಗದಲ್ಲಿ ಮಾತ್ರ ಇರ್ತಾರೆ. ಹೊಸ್ತಿಲು, ಮುಸ್ಸಂಜೆ, ನಿದ್ದೆಗೂ ಎಚ್ಚರಕ್ಕೂ ಮಧ್ಯೆ, ಹೊರಟ ಬಸ್ಸು ಇನ್ನೂ ಸ್ಟ್ಯಾಂಡ್ ದಾಟಿರದ ಆ ಒಂದು ನಿಮಿಷ. ದಾಟುವವರು ಎಡವದ ಹಾಗೆ ನೋಡ್ಕೊಳ್ಳೋದು ಅವರ ಡ್ಯೂಟಿ. ಸಂಬಳ ಇಲ್ಲ. ವರ್ಷಕ್ಕೆ ಎರಡೇ ರಜೆ: ಬೆಂಗಳೂರಲ್ಲಿ ಏಪ್ರಿಲ್ 24ರ ಸುಮಾರಿಗೆ ಒಮ್ಮೆ, ಆಗಸ್ಟ್ 18ರ ಸುಮಾರಿಗೆ ಇನ್ನೊಮ್ಮೆ. ಆ ದಿನಗಳಲ್ಲಿ ಮಧ್ಯಾಹ್ನ ಸೂರ್ಯ ಸರಿಯಾಗಿ ನೆತ್ತಿಯ ಮೇಲೆ ಬಂದು, ನೆಟ್ಟಗೆ ನಿಂತ ಕಂಬದ ನೆರಳು ಅದರ ಬುಡದಲ್ಲೇ ಅಡಗಿಹೋಗುತ್ತಲ್ಲ, ಆಗ ಅವರಿಗೆ ರೆಸ್ಟ್.

ರಜೆಗೆ ಮನೆಗೆ ಹೋದಾಗ ಗೊತ್ತಾಯ್ತು, ನಾವು ಹೊಸದೇನೂ ಕಂಡುಹಿಡಿದಿಲ್ಲ ಅಂತ. ಅಜ್ಜಿ ಬೆಳಗ್ಗೆ ಎದ್ದು ಹೊಸ್ತಿಲಿಗೆ ಅರಿಶಿನ ಕುಂಕುಮ ಇಡ್ತಾರೆ. ಹೊಸ್ತಿಲ ಮೇಲೆ ಕೂತ್ರೆ ಬೈತಾರೆ. ದೀಪ ಹಚ್ಚೋ ಹೊತ್ತಲ್ಲಿ ಮಲಗಿದ್ರೆ ಎಬ್ಬಿಸ್ತಾರೆ. ನರಸಿಂಹ ಹಿರಣ್ಯಕಶಿಪುವನ್ನು ಕೊಂದಿದ್ದು ಹಗಲೂ ಅಲ್ಲದ ರಾತ್ರಿಯೂ ಅಲ್ಲದ ಹೊತ್ತಿನಲ್ಲಿ, ಒಳಗೂ ಅಲ್ಲದ ಹೊರಗೂ ಅಲ್ಲದ ಹೊಸ್ತಿಲ ಮೇಲೆ. ಹಿಂದೆ ಮನೆ ಬಾಗಿಲ ಮೇಲೆ 'ನಾಳೆ ಬಾ' ಅಂತ ಬರೀತಿದ್ದ ಕಥೆಯನ್ನು ಅಪ್ಪ ಹೇಳಿದ್ರು. ಮನೆಯಿಂದ ಹೊರಡುವಾಗ 'ಹೋಗ್ತೀನಿ' ಅಂದ್ರೆ ಅಜ್ಜಿ ಬಿಡಲ್ಲ, 'ಹೋಗಿ ಬರ್ತೀನಿ' ಅನ್ನಬೇಕು. ನಮ್ಮವರಿಗೆ ದಾಟೋ ಜಾಗದ ಬಗ್ಗೆ ಯಾವಾಗಲೂ ಒಂದು ಭಯ ಇತ್ತು, ಅದಕ್ಕೇ ಅಲ್ಲಿ ಯಾರನ್ನಾದ್ರೂ ಕಾವಲಿಗೆ ನಿಲ್ಲಿಸ್ತಿದ್ರು.

ಥರ್ಡ್ ಸೆಮ್ ಶುರುವಾಗಿ ಎರಡು ವಾರಕ್ಕೆ ರಿಸಲ್ಟ್ ಬಂತು. ನಾವು ಮೂವರೂ ಪಾಸ್. ಅವನಿಗೆ ಇಯರ್ ಬ್ಯಾಕ್.

ಇನ್ಮುಂದೆ ಬರೆಯೋದು ಕಷ್ಟ. ಅವತ್ತು ಸಂಜೆ ಅವನು ರೂಮಿನಲ್ಲಿ ಟ್ರಂಕ್ ತುಂಬ್ತಿದ್ದಾನೆ ಅಂತ ನಮಗೆ ಗೊತ್ತಿತ್ತು. ನಾವು ಕ್ಯಾಂಟೀನಲ್ಲಿ ಕೂತಿದ್ವಿ. ಹೋಗಿ ಏನು ಹೇಳೋದು? 'ಟೆನ್ಶನ್ ಮಾಡ್ಕೋಬೇಡ' ಅಂತಲಾ? ಪಾಸಾದವರ ಮುಖ ಇಟ್ಕೊಂಡು ಸಮಾಧಾನ ಹೇಳೋಕೆ ನಾಚಿಕೆ. ಒಬ್ಬರು ಇನ್ನೊಂದು ಟೀ ಹೇಳಿದ್ರು, ಇನ್ನೊಬ್ಬರು ಫೋನ್ ನೋಡ್ತಾ ಕೂತ್ರು. ಏಳೂವರೆಗೆ ವಾಪಸ್ ಹೋದಾಗ ಅವನ ಮಂಚ ಖಾಲಿ. ಹಾಸಿಗೆ ಸುತ್ತಿಟ್ಟಿದ್ದ. ಬಾಗಿಲ ಮೇಲಿನ ಲೈಟ್ ಮಾತ್ರ ಹಾಕಿಯೇ ಹೋಗಿದ್ದ. ಮುಸ್ಸಂಜೆ ಹೊತ್ತಲ್ಲಿ ರೂಮು ಕತ್ತಲಿರಬಾರದು ಅಂತ ದಿನಾ ಲೈಟ್ ಹಾಕ್ತಿದ್ದವನು ಅವನೇ.

'ಹೋಗಿ ಬರ್ತೀನಿ' ಅನ್ನೋಕೆ ಅವನಿಗೆ ಎದುರಿಗೆ ಯಾರೂ ಇರಲಿಲ್ಲ. ಅವತ್ತು ನಡುವಣ್ಣಂದಿರಿಗೆ ರಜೆ ಇರಲಿಲ್ಲ. ರಜೆ ಹಾಕಿದ್ದು ನಾವು.

ಅದಾಗಿ ಒಂದು ತಿಂಗಳಿಗೆ ಡಿಜಿಟಲ್ ಕ್ಲಾಸಿನಲ್ಲಿ ಮೆಟಾಸ್ಟೆಬಿಲಿಟಿ ಬಂತು. ನಿಮಗೂ ಗೊತ್ತಿರುತ್ತೆ. ಕ್ಲಾಕ್ ಬೀಳೋ ಹೊತ್ತಿಗೇ ಇನ್‌ಪುಟ್ ಬದಲಾದ್ರೆ, ಅಂದ್ರೆ ಸೆಟಪ್ ಟೈಮ್, ಹೋಲ್ಡ್ ಟೈಮ್ ಪಾಲಿಸದಿದ್ರೆ, ಫ್ಲಿಪ್‌ಫ್ಲಾಪ್ 0ಯೂ ಆಗದೆ 1ಯೂ ಆಗದೆ ನಡುವೆ ನೇತಾಡಬಹುದು. ಕೊನೆಗೆ ಯಾವುದೋ ಒಂದು ಕಡೆ ಬೀಳುತ್ತೆ, ಯಾವ ಕಡೆ ಅಂತ ಮೊದಲೇ ಹೇಳೋಕಾಗಲ್ಲ. ಇದಕ್ಕೆ ಮಾಮೂಲಿ ಉಪಾಯ ಅಂದ್ರೆ ಪಕ್ಕದಲ್ಲಿ ಇನ್ನೊಂದು ಫ್ಲಿಪ್‌ಫ್ಲಾಪ್ ಇಡೋದು. ಆ ಎರಡನೆಯದು ಮೊದಲನೆಯದನ್ನ ರಿಪೇರಿ ಮಾಡಲ್ಲ. ಒಂದು ಕ್ಲಾಕ್ ಕಾಯುತ್ತೆ, ಅಷ್ಟೇ. ಅಷ್ಟರಲ್ಲಿ ಮೊದಲನೆಯದು ತಾನಾಗಿ ಸುಧಾರಿಸ್ಕೊಳ್ಳೋ ಸಾಧ್ಯತೆ ತುಂಬಾ ಹೆಚ್ಚು. ಗ್ಯಾರಂಟಿ ಇಲ್ಲ, ಆದರೂ ಸಾಮಾನ್ಯವಾಗಿ ಅದು ಸಾಕಾಗುತ್ತೆ.

ಕ್ಲಾಸಿನಲ್ಲಿ ನಾವು ಮೂವರೂ ಒಬ್ಬರ ಮುಖ ಒಬ್ಬರು ನೋಡ್ಕೊಂಡ್ವಿ. 'ಕಾಯ್ತಾನ, ಅಷ್ಟ.' ಅವನು ಕರೆಂಟ್ ಹೋದ ರಾತ್ರಿ ಒಂದೇ ಸಾಲಲ್ಲಿ ಹೇಳಿದ್ದನ್ನು ನಾವು ಟೈಮಿಂಗ್ ಡಯಾಗ್ರಾಂ ಬರೆದು ಅರ್ಥ ಮಾಡ್ಕೊಂಡ್ವಿ. ಅವತ್ತು ನಮ್ಮ ಹತ್ತಿರ ಹೇಳೋಕೆ ಮಾತು ಬೇಕಾಗೇ ಇರಲಿಲ್ಲ. ಟ್ರಂಕಿನ ಒಂದು ಕಡೆ ಹಿಡ್ಕೊಂಡು ಗೇಟಿನ ತನಕ ಹೋಗಿದ್ರೆ ಸಾಕಿತ್ತು.

ಅವತ್ತೇ ರಾತ್ರಿ ಫೋನ್ ಮಾಡಿದ್ವಿ. ಒಂದು ಸಲ ಎತ್ತಲಿಲ್ಲ. ಎರಡನೇ ಸಲ ಎತ್ತಿದ. ಸಾರಿ ಕಣೋ ಅಂದ್ವಿ. ಸ್ವಲ್ಪ ಹೊತ್ತು ಏನೂ ಮಾತಾಡಲಿಲ್ಲ. ನಾವೂ ಸುಮ್ಮನೆ ಕಾದ್ವಿ. ಆಮೇಲೆ ಕೇಳಿದ, "ಬಾಗಲ್ದಾಗ ಲೈಟ್ ಹಾಕೀರೇನ್ಲೇ?"

ಹಾಕಿದ್ವಿ. ಅವನು ಉಳಿದ ಸಬ್ಜೆಕ್ಟ್ ಬರೆಯೋಕೆ ಮುಂದಿನ ತಿಂಗಳು ಬರ್ತಾನೆ. ರಾಯಚೂರಿನ ಬಸ್ಸು ಬೆಳಗಿನ ಜಾವ ಮೆಜೆಸ್ಟಿಕ್‌ಗೆ ಬರುತ್ತಂತೆ, ಇನ್ನೂ ಸರಿಯಾಗಿ ಬೆಳಕು ಹರಿದಿರಲ್ಲ. ನಾವು ಮೂವರೂ ಅಲ್ಲಿರ್ತೀವಿ.