ಗಡಾಯಿಕಲ್ಲು: ಮಾಗಿಯ ಮುಂಜಾವಿನಲ್ಲೊಂದು ಏರುಹಾದಿ

ದಕ್ಷಿಣ ಕನ್ನಡ ಜಿಲ್ಲೆಯ ಬೆಳ್ತಂಗಡಿ ಪಟ್ಟಣದಿಂದ ಸುಮಾರು 8 ಕಿಲೋಮೀಟರ್ ದೂರದಲ್ಲಿ, ನಡ ಗ್ರಾಮದ ತೋಟಗಳ ಹಿಂದೆ, ಒಂದೇ ಶಿಲೆಯನ್ನು ಎತ್ತಿ ನಿಲ್ಲಿಸಿದಂತಿರುವ ಒಂದು ಮಹಾಗಿರಿಯಿದೆ. ಕುದುರೆಮುಖದ ಶಿಖರಸಾಲು ಅದರ ಹಿನ್ನೆಲೆಯಲ್ಲಿ ನೀಲಿಯ ಗೋಡೆಯಂತೆ ಹಬ್ಬಿದ್ದರೂ ಈ ಬಂಡೆ ಆ ಸಾಲಿಗೆ ಸೇರದೆ ಒಂಟಿಯಾಗಿ ನಿಂತಿದೆ. ತುಳುನಾಡಿನ ಜನರು ಇದನ್ನು ಗಡಾಯಿಕಲ್ಲು ಎನ್ನುತ್ತಾರೆ. ನರಸಿಂಹಗಡವೆಂಬುದು ಹಳೆಯ ಹೆಸರು. ಜಮಾಲಾಬಾದ್ ಎಂಬುದು ಚರಿತ್ರೆಯ ಪುಸ್ತಕಗಳಲ್ಲಿ ಕಾಣುವ ಹೆಸರು. ಸಮುದ್ರಮಟ್ಟದಿಂದ ಸುಮಾರು 1700 ಅಡಿ ಎತ್ತರದ ಇದರ ನೆತ್ತಿಗೆ ಕಲ್ಲಿನಲ್ಲಿಯೇ ಕಡೆದ ಮೆಟ್ಟಿಲುಗಳಿವೆ. ಅವುಗಳ ಸಂಖ್ಯೆ 1876 ಎಂದು ಅಲ್ಲಿಯವರು ಹೇಳುವುದನ್ನು ಕೇಳಿದೆವು. ನಮ್ಮ ಜೊತೆಗಿದ್ದ ಹುಡುಗರು ಎಣಿಸಲು ಆರಂಭಿಸಿ ನಾನೂರು ದಾಟುವಷ್ಟರಲ್ಲಿ ಪರಸ್ಪರ ಜಗಳಕ್ಕೆ ಬಿದ್ದುದರಿಂದ ಆ ಲೆಕ್ಕವನ್ನು ನಾವು ಪರಿಶೀಲಿಸಲಾಗಲಿಲ್ಲ.

ಕಳೆದ ಧನುರ್ಮಾಸದಲ್ಲಿ ನಮ್ಮ ಮೂರು ಮನೆಗಳ ಹನ್ನೊಂದು ಮಂದಿ ದಾವಣಗೆರೆಯ ಕಡೆಯಿಂದ ಇಲ್ಲಿಗೆ ಪ್ರವಾಸ ಹೊರಟೆವು. ಚಳಿಗಾಲದಲ್ಲಿ, ಅದೂ ಮಾರ್ಗದರ್ಶಿಯೊಬ್ಬರನ್ನು ಮುಂದಿಟ್ಟುಕೊಂಡು ಬೆಟ್ಟ ಹತ್ತಬೇಕೆಂಬ ಆಲೋಚನೆ ನಮಗೆ ಬಂದದ್ದು ದೂರದ ನಾರ್ವೆ ದೇಶದಿಂದ. ಅಲ್ಲಿನ ಓಸ್ಲೋ ನಗರದಲ್ಲಿ ಉದ್ಯೋಗದಲ್ಲಿರುವ ನಮ್ಮ ಬಂಧುಗಳ ಮಗನೊಬ್ಬನು ಊರಿಗೆ ಬಂದಿದ್ದಾಗ ಅಲ್ಲಿಯ ಚಳಿಗಾಲದ ನಡಿಗೆಗಳ ವಿಚಾರವನ್ನು ರಸವತ್ತಾಗಿ ಬಣ್ಣಿಸಿದ್ದನು. ಡಿಸೆಂಬರ್‌ನಲ್ಲಿ ಅಲ್ಲಿ ಸೂರ್ಯನು ಉದಯಿಸುವುದು ಬೆಳಗಿನ ಒಂಬತ್ತರ ಮೇಲೆ. ಮಧ್ಯಾಹ್ನ ಮೂರು ಕಳೆಯುತ್ತಿದ್ದಂತೆಯೇ ಅಸ್ತಮಾನ! ಅಂತಹ ದಿನಗಳಲ್ಲಿಯೂ ಜನರು ನಗರದ ರೈಲು ಹತ್ತಿ ನೂರ್ಮಾರ್ಕಾ ಎಂಬ ಅರಣ್ಯದ ಅಂಚಿಗೆ ಹೋಗಿ, ಮಾರ್ಗದರ್ಶಿಯ ಹಿಂದೆ ಹಿಮದಲ್ಲಿ ಸಾಲಾಗಿ ನಡೆಯುತ್ತಾರಂತೆ. ಆ ದೇಶದಲ್ಲಿ 1868ರಷ್ಟು ಹಿಂದೆಯೇ ಸ್ಥಾಪನೆಯಾದ ಚಾರಣ ಸಂಘವೊಂದು ಬೆಟ್ಟದ ಹಾದಿಗಳಲ್ಲಿ ಕೆಂಪು ಬಣ್ಣದ ಗುರುತುಗಳನ್ನು ಬರೆದು ಕಾಪಾಡಿಕೊಂಡು ಬಂದಿದೆ. ಬೆಟ್ಟಕ್ಕೆ ಹೋಗುವವರು ಪಾಲಿಸಬೇಕಾದ ನಿಯಮಗಳನ್ನು ಅಲ್ಲಿ ಮಕ್ಕಳಿಗೂ ಹೇಳಿಕೊಡುತ್ತಾರೆ. ಅವುಗಳಲ್ಲೊಂದು, ಸಕಾಲದಲ್ಲಿ ಹಿಂದಿರುಗುವುದು ನಾಚಿಕೆಯ ವಿಷಯವಲ್ಲ ಎಂಬುದು. ಇದನ್ನು ಕೇಳಿದ ನಮ್ಮ ದೊಡ್ಡಮ್ಮನವರು, "ನಮ್ಮ ಕಡೆ ಬೆಟ್ಟಾನೇ ಇಲ್ವೇನಪ್ಪಾ? ಗಡಾಯಿಕಲ್ಲಿಗೆ ಕರ್ಕೊಂಡು ಹೋಗ್ರಿ" ಎಂದುಬಿಟ್ಟರು.

ದೊಡ್ಡಮ್ಮನವರು ಹೀಗೆ ಹೇಳಲು ಕಾರಣವಿತ್ತು. ಅವರ ಪತಿ, ಲಿಂಗೈಕ್ಯರಾದ ನಮ್ಮ ದೊಡ್ಡಪ್ಪನವರು, ನಲವತ್ತು ವರ್ಷಗಳಿಗೂ ಹಿಂದೆ ಸರ್ಕಾರಿ ನೌಕರಿಯ ಮೇಲೆ ಬೆಳ್ತಂಗಡಿಯಲ್ಲಿ ಮೂರು ವರ್ಷ ಇದ್ದರು. ಬಾಡಿಗೆ ಮನೆಯ ಅಂಗಳದಲ್ಲಿ ನಿಂತರೆ ಗಡಾಯಿಕಲ್ಲು ಎದುರಿಗೇ ಕಾಣುತ್ತಿತ್ತಂತೆ. ಒಂದು ಕೂಸು ಕಂಕುಳಲ್ಲಿ, ಇನ್ನೊಂದು ತೊಟ್ಟಿಲಲ್ಲಿ. ಹತ್ತುವ ಮಾತೆಲ್ಲಿ ಬಂತು? ಮುಂದಿನ ವರ್ಷ ಹೋಗೋಣ ಎನ್ನುತ್ತಿರುವಾಗಲೇ ವರ್ಗಾವಣೆಯಾಯಿತು. ಈಗ ಅವರಿಗೆ 68 ವರ್ಷ.

ಆಗುಂಬೆಯ ತಿರುವುಗಳನ್ನಿಳಿದು, ಹೆಬ್ರಿ, ಕಾರ್ಕಳಗಳ ಮೂಲಕ ಮೂಡುಬಿದಿರೆಯನ್ನು ತಲುಪಿದೆವು. ಜೈನಕಾಶಿಯೆಂದು ಖ್ಯಾತವಾದ ಈ ಪಟ್ಟಣದಲ್ಲಿ 1430ರಲ್ಲಿ ನಿರ್ಮಾಣವಾದ ಸಾವಿರ ಕಂಬದ ಬಸದಿಯನ್ನು ನೋಡದೆ ಮುಂದುವರಿಯುವುದು ಸಲ್ಲದು. ಕಂಬಗಳ ಕೆತ್ತನೆಯಲ್ಲಿ ಒಂದರಂತೆ ಇನ್ನೊಂದಿಲ್ಲ. ಆದರೆ ಈ ಬಸದಿಯ ಬಗ್ಗೆ ಬರೆದವರು ಬಹಳ ಮಂದಿ. ನಾವು ಅದನ್ನು ವಿಸ್ತರಿಸುವುದಿಲ್ಲ. ವೇಣೂರಿನಲ್ಲಿ 1604ರಲ್ಲಿ ಅಜಿಲ ಅರಸರು ಪ್ರತಿಷ್ಠಾಪಿಸಿದ ಬಾಹುಬಲಿಯ ಏಕಶಿಲಾ ಮೂರ್ತಿಯನ್ನು ಕಂಡು, ಸಂಜೆಯ ವೇಳೆಗೆ ಗುರುವಾಯನಕೆರೆಯ ಮೂಲಕ ಬೆಳ್ತಂಗಡಿಯಲ್ಲಿ ಬಿಡಾರ ಹೂಡಿದೆವು. ದಾರಿಯ ಅಂಗಡಿಯೊಂದರಲ್ಲಿ "ಬೊಂಡ ಬೇಕಾ?" ಎಂದು ಕೇಳಿದಾಗ ಮಕ್ಕಳು ಕರಿದ ತಿಂಡಿಯೆಂದು ತಿಳಿದು ಹಿಗ್ಗಿ ಹತ್ತಿರ ಹೋದರು. ತುಳುವಿನಲ್ಲಿ ಬೊಂಡವೆಂದರೆ ಎಳನೀರು! ಪೆಚ್ಚಾದರೂ ಕುಡಿದ ಮೇಲೆ ಯಾರೂ ದೂರಲಿಲ್ಲ.

ಮರುದಿನ ನಾಲ್ಕೂವರೆಗೆ ಎದ್ದು, ಸ್ನಾನ, ಲಿಂಗಪೂಜೆಗಳನ್ನು ಪೂರೈಸಿ, ಆರೂಕಾಲರ ಹೊತ್ತಿಗೆ ಬೆಟ್ಟದ ಬುಡದಲ್ಲಿದ್ದೆವು. ಈ ಪ್ರದೇಶವು 1987ರಲ್ಲಿ ಘೋಷಿತವಾದ ಕುದುರೆಮುಖ ರಾಷ್ಟ್ರೀಯ ಉದ್ಯಾನದ ವ್ಯಾಪ್ತಿಗೆ ಸೇರುವುದರಿಂದ ಅರಣ್ಯ ಇಲಾಖೆಗೆ ಶುಲ್ಕ ತೆತ್ತು, ಅನುಮತಿ ಪಡೆದು ಒಳಗೆ ಹೋಗಬೇಕು. ನಾವು ಮೊದಲೇ ಹೇಳಿ ಗೊತ್ತುಮಾಡಿದ್ದ ಮಾರ್ಗದರ್ಶಿ ಅಲ್ಲಿ ಕಾದಿದ್ದರು. ಸಮೀಪದ ಊರಿನವರು, ಐವತ್ತರ ಆಸುಪಾಸು. ಹೆಗಲಿಗೆ ಒಂದು ಬೈರಾಸು, ಕಾಲಿಗೆ ಸವೆದ ರಬ್ಬರಿನ ಚಪ್ಪಲಿ. ನಮ್ಮ ಹುಡುಗರ ಬೆಲೆಬಾಳುವ ಬೂಟುಗಳನ್ನು ನೋಡಿ ಅವರು ಸಣ್ಣಗೆ ನಕ್ಕರೇ ಹೊರತು ಏನೂ ಹೇಳಲಿಲ್ಲ. ಅವರ ವಿಚಾರಣೆಯೆಲ್ಲ ನೀರಿನ ಬಗ್ಗೆಯೇ ಆಗಿತ್ತು. "ಒಬ್ಬೊಬ್ಬರಿಗೆ ಎರಡು ಲೀಟರ್ ಉಂಟಾ? ಮೇಲೆ ಕುಡಿಯುವ ನೀರು ಸಿಕ್ಕುದಿಲ್ಲ. ಮತ್ತೆ, ಬಂಡೆಯಲ್ಲಿ ಹೆಜ್ಜೇನು ಉಂಟು. ಬೊಬ್ಬೆ ಹಾಕುವ ಹಾಗಿಲ್ಲ, ಸೆಂಟು ಹಾಕಿದವರು ಯಾರಾದರೂ ಇದ್ದರೆ ಒರೆಸಿಕೊಳ್ಳಿ" ಎಂದರು. ಹತ್ತು ಗಂಟೆಯೊಳಗೆ ನೆತ್ತಿಯಿಂದ ಇಳಿಯಲು ಆರಂಭಿಸಬೇಕೆಂಬುದು ಅವರ ಇನ್ನೊಂದು ಕಟ್ಟಪ್ಪಣೆ.

ನಾರ್ವೆಯ ಮಾರ್ಗದರ್ಶಿ ಹಿಮಕ್ಕೆ ಅಂಜಿದರೆ ಇಲ್ಲಿಯವರು ಬಿಸಿಲಿಗೆ ಅಂಜುತ್ತಾರೆ. ಕರಾವಳಿಯ ಚಳಿಗಾಲವೆಂದರೆ ಬೆಳಗಿನ ಮೂರು ತಾಸಿನ ವೈಭವ ಮಾತ್ರ. ಆಮೇಲೆ ಕಲ್ಲು ಕಾದು ಹೆಂಚಾಗುತ್ತದೆ. ಮಳೆಗಾಲದಲ್ಲಂತೂ ಮೆಟ್ಟಿಲುಗಳ ಮೇಲೆ ನೀರು ಹರಿದು, ಪಾಚಿ ಕಟ್ಟಿ, ಕಾಲಿಟ್ಟಲ್ಲಿ ಜಾರುವುದು. ಆದುದರಿಂದ ಸಂಸಾರವಂದಿಗರಿಗೆ ಈ ಬೆಟ್ಟಕ್ಕೆ ಮಾಗಿಯೇ ತಕ್ಕ ಕಾಲ.

ಮೊದಲು ಕಾಡಿನ ನೆರಳಿನ ಹಾದಿ. ಎಲೆಗಳಿಂದ ತೊಟ್ಟಿಕ್ಕುವ ಇಬ್ಬನಿಯ ಸದ್ದು ಸಣ್ಣ ಮಳೆಯಂತೆ ಕೇಳುತ್ತಿತ್ತು. ಕ್ರಮೇಣ ಮರಗಳು ಕಡಿಮೆಯಾಗಿ ಬರಿಯ ಬಂಡೆ, ಅದರ ಮೈಮೇಲೆ ಕಡಿದಾದ ಮೆಟ್ಟಿಲುಗಳು. ಕೆಲವು ಮೊಣಕಾಲೆತ್ತರ, ಕೆಲವು ಪಾದದ ಅರ್ಧಕ್ಕೂ ಸಾಲದಷ್ಟು ಕಿರಿದು. ಮಾರ್ಗದರ್ಶಿಗಳು ತಂಡದ ಮುಂದೆ ನಡೆಯಲಿಲ್ಲವೆಂಬುದನ್ನು ಇಲ್ಲಿ ಹೇಳಬೇಕು. ಹುಡುಗರಿಗೆ "ಆ ಗೋಡೆಯವರೆಗೆ ಹೋಗಿ ನಿಲ್ಲಿ" ಎಂದು ಗಡಿ ಹಾಕಿ, ತಾವು ದೊಡ್ಡಮ್ಮನವರ ಹಿಂದೆ ಒಂದು ಮೆಟ್ಟಿಲು ಕೆಳಗೇ ಇದ್ದರು. ಅವರ ಕಣ್ಣು ದಾರಿಯ ಮೇಲಿರಲಿಲ್ಲ, ದೊಡ್ಡಮ್ಮನವರ ಮೊಣಕಾಲುಗಳ ಮೇಲಿತ್ತು.

ಅರ್ಧಕ್ಕಿಂತ ತುಸು ಹೆಚ್ಚು ಏರಿದ ಮೇಲೆ ಶಿಥಿಲವಾದ ಕಲ್ಲುಗೋಡೆಯೊಂದರ ಬಳಿ ಸಮತಟ್ಟಾದ ಜಾಗ ಸಿಕ್ಕಿತು. ಅಲ್ಲಿ ಅವರು ನಿಂತರು. "ಅಮ್ಮಾ, ನೀವು ಇಲ್ಲಿಯವರೆಗೆ ಬಂದದ್ದು ಸಾಕು" ಎಂದರು.

"ಇನ್ನೂ ಉಸಿರಿದೆ ಕಣಪ್ಪಾ, ನಿಧಾನಕ್ಕೆ ಬರ್ತೀನಿ."

"ಉಸಿರು ಉಂಟು ಅಮ್ಮ, ನಾನು ನೋಡಿದ್ದೇನೆ. ಹತ್ತಲಿಕ್ಕೆ ನಿಮ್ಮಿಂದ ಆಗ್ತದೆ. ಇಳಿಯುವಾಗ ಮೊಣಗಂಟು ನಡುಗ್ತದೆ. ಇಲ್ಲಿಂದ ಮೇಲೆ ಹಿಡಿದುಕೊಳ್ಳಲಿಕ್ಕೆ ಏನೂ ಇಲ್ಲ."

ನಮ್ಮಲ್ಲಿ ಭಿನ್ನಾಭಿಪ್ರಾಯ ಉಂಟಾಯಿತು. ಇಷ್ಟು ದೂರದಿಂದ ಅವರಿಗಾಗಿಯೇ ಬಂದದ್ದಲ್ಲವೇ, ಇಬ್ಬರು ಕೈಹಿಡಿದು ಕರೆದೊಯ್ಯಬಹುದಲ್ಲವೇ ಎಂದು ದೊಡ್ಡಮ್ಮನವರ ಮಗ ವಾದಿಸಿದನು. ಕಡಿದಾದ ಮೆಟ್ಟಿಲಿನಲ್ಲಿ ಕೈಹಿಡಿದವರು ಒಬ್ಬರು ಜಾರಿದರೆ ಇಬ್ಬರೂ ಹೋಗುತ್ತಾರೆ ಎಂಬ ಉತ್ತರ ಬಂತು. ದುಡ್ಡು ತೆಗೆದುಕೊಂಡು ಬಂದವರು ಇಷ್ಟು ಗಟ್ಟಿಯಾಗಿ ಬೇಡವೆನ್ನುವುದು ನಮ್ಮ ಪ್ರವಾಸಗಳಲ್ಲಿ ಅಪರೂಪ. ಹತ್ತಿಸಿದ್ದರೆ ಅವರಿಗೆ ಇನಾಮು ಹೆಚ್ಚು ದೊರೆಯುತ್ತಿತ್ತೇ ಹೊರತು ಕಡಿಮೆಯಾಗುತ್ತಿರಲಿಲ್ಲ. ಒಂದು ಕ್ಷಣ ಮೇಲೆ ನೋಡಿದ ದೊಡ್ಡಮ್ಮನವರು ಸೆರಗಿನಿಂದ ಮುಖ ಒರೆಸಿಕೊಂಡು, "ಆಯ್ತು, ನೀವು ಹೋಗಿ ಬರ್ರಿ. ಬುತ್ತಿ ಚೀಲ ನನ್ ಹತ್ರ ಇರ್ಲಿ" ಎಂದು ಕುಳಿತುಬಿಟ್ಟರು. ಸೊಸೆ ಜೊತೆಗೆ ಉಳಿದಳು.

ಉಳಿದವರು ನೆತ್ತಿಯನ್ನು ತಲುಪಿದಾಗ ಎಂಟೂವರೆ. ಕೆಳಗಿನ ಕಣಿವೆಯೆಲ್ಲ ಮಂಜಿನಿಂದ ತುಂಬಿ, ಅಡಕೆ ತೋಟಗಳ ತಲೆಗಳು ಮಾತ್ರ ಅಲ್ಲಲ್ಲಿ ಎದ್ದು ಕಾಣುತ್ತಿದ್ದವು. ಪೂರ್ವದಲ್ಲಿ ಘಟ್ಟದ ಗೋಡೆ ಬೆಳಕಿಗೆ ಕೆಂಪಾಗುತ್ತಿತ್ತು. ನೆತ್ತಿಯಲ್ಲಿ ಕೋಟೆಯ ಅವಶೇಷಗಳು, ಮಳೆನೀರು ಸಂಗ್ರಹಿಸುತ್ತಿದ್ದ ಕೊಳ, ಹಾಗೂ ಒಂದು ಹಳೆಯ ಫಿರಂಗಿ ಇವೆ.

ಈ ಕಲ್ಲಿನ ಚರಿತ್ರೆಯನ್ನು ಸಂಕ್ಷೇಪವಾಗಿ ಹೇಳಬಹುದು. ತುಳುನಾಡಿನ ಜೈನ ಅರಸರಲ್ಲಿ ಪ್ರಮುಖರಾದ ಬಂಗರ ಮೂಲ ರಾಜಧಾನಿ ಬಂಗಾಡಿ ಇದೇ ತಾಲೂಕಿನಲ್ಲಿದೆ. ಮುಂದೆ ಈ ಸೀಮೆ ಕೆಳದಿಯ ವೀರಶೈವ ನಾಯಕರ ಅಧೀನಕ್ಕೆ ಬಂದಿತು. 1763ರಲ್ಲಿ ಹೈದರಾಲಿಯು ಬಿದನೂರನ್ನು ವಶಪಡಿಸಿಕೊಂಡಾಗ ತುಳುನಾಡೂ ಮೈಸೂರಿನ ಕೈಸೇರಿತು. ಟಿಪ್ಪು ಸುಲ್ತಾನನು 1794ರಲ್ಲಿ ಇಲ್ಲಿ ಕೋಟೆಯನ್ನು ಕಟ್ಟಿಸಿ, ತನ್ನ ತಾಯಿಯ ಹೆಸರಿನಿಂದ ಜಮಾಲಾಬಾದ್ ಎಂದು ಕರೆದನೆಂಬುದು ಪ್ರಚಲಿತವಾದ ಮಾತು. ಐದೇ ವರ್ಷ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಬಳಿಕ ಇಂಗ್ಲಿಷರು ಇದನ್ನು ಹಿಡಿದರು, ಬಂಡಾಯಗಾರರು ಕಸಿದುಕೊಂಡರು, 1800ರಲ್ಲಿ ಇಂಗ್ಲಿಷರು ಮುತ್ತಿಗೆ ಹಾಕಿ ಮರಳಿ ಪಡೆದರು. ಒಂದೇ ಇಕ್ಕಟ್ಟಾದ ದಾರಿಯಿರುವ ಇಂತಹ ಬಂಡೆಯನ್ನು ಬಲದಿಂದ ಗೆಲ್ಲುವುದು ಕಷ್ಟ. ಆದರೆ ಮೇಲಿದ್ದವರಿಗೆ ಕೆಳಗಿನಿಂದ ಅಕ್ಕಿಬೇಳೆ ಬರುವ ದಾರಿಯೂ ಅದೊಂದೇ ಅಲ್ಲವೇ!

ಒಂಬತ್ತೂಮುಕ್ಕಾಲಕ್ಕೆ ಮಾರ್ಗದರ್ಶಿಗಳು ಎಲ್ಲರನ್ನೂ ಎಬ್ಬಿಸಿದರು. ಇಳಿಯುವಾಗ ಅವರ ಮಾತಿನ ಸತ್ಯ ನಮ್ಮ ಮೊಣಕಾಲುಗಳಿಗೇ ತಿಳಿಯಿತು. ಕೆಲವೆಡೆ ಕುಳಿತು ಜರುಗಬೇಕಾಯಿತು. ಬೂಟಿನ ಹುಡುಗರು ಹೆಚ್ಚು ಜಾರಿದರು. ದೊಡ್ಡಮ್ಮನವರು ಗೋಡೆಗೊರಗಿ ಕುಳಿತಿದ್ದರು. ಮಂಜು ಅಷ್ಟರಲ್ಲಿ ಕರಗಿ ಬೆಳ್ತಂಗಡಿಯ ಕಡೆ ಸ್ಪಷ್ಟವಾಗಿತ್ತು. ಅವರು ಸೊಸೆಗೆ ಬೆರಳು ಮಾಡಿ ತೋರಿಸುತ್ತಿದ್ದರು: "ಅಗೋ, ಆ ತೆಂಗಿನ ತೋಟದ ಆಚೆ. ಅಲ್ಲೇ ಎಲ್ಲೋ ನಮ್ಮ ಅಂಗಳ. ನಿನ್ನ ಗಂಡ ಅಲ್ಲೇ ಅಂಬೆಗಾಲಿಟ್ಟದ್ದು." ಮಗನೂ ಪಕ್ಕದಲ್ಲಿ ಕುಳಿತು ಬಹಳ ಹೊತ್ತು ಅತ್ತಲೇ ನೋಡಿದನು. ಆಮೇಲೆ ಬುತ್ತಿ ಬಿಚ್ಚಿದೆವು. ಜೋಳದ ರೊಟ್ಟಿ, ಶೇಂಗಾ ಚಟ್ನಿಪುಡಿ, ಮೊಸರು. ಮಾರ್ಗದರ್ಶಿಗಳು ಶೇಂಗಾ ಚಟ್ನಿಯನ್ನು ಮೂರು ಬಾರಿ ಹಾಕಿಸಿಕೊಂಡರು. ಉಳಿದುದನ್ನು ದೊಡ್ಡಮ್ಮನವರು ಡಬ್ಬಿಯ ಸಮೇತ ಅವರಿಗೇ ಕೊಟ್ಟುಬಿಟ್ಟರು.

ಮರುದಿನ ಹಿಂತಿರುಗುವ ಮೊದಲು ಪುಂಜಾಲಕಟ್ಟೆಯ ಮಾರ್ಗವಾಗಿ ಬಂಟ್ವಾಳ ತಾಲೂಕಿನ ಕಾರಿಂಜಕ್ಕೆ ಹೋದೆವು. ಇದೂ ಕಲ್ಲಿನ ಬೆಟ್ಟವೇ. ಆದರೆ ಇಲ್ಲಿ ನೆತ್ತಿಯಲ್ಲಿ ಕಾರಿಂಜೇಶ್ವರನಾದ ಶಿವನು, ಅದಕ್ಕೂ ಕೆಳಗೆ ಪಾರ್ವತಿದೇವಿಯು ನೆಲೆಸಿದ್ದಾರೆ. ಕೃತಯುಗದಲ್ಲಿ ರೌದ್ರಗಿರಿ, ತ್ರೇತಾಯುಗದಲ್ಲಿ ಗಜೇಂದ್ರಗಿರಿ, ದ್ವಾಪರದಲ್ಲಿ ಭೀಮಶೈಲವೆಂದು ಇದಕ್ಕೆ ಹೆಸರಿದ್ದಿತೆಂಬುದು ಸ್ಥಳಪುರಾಣ. ಭೀಮಸೇನನ ಗದೆಯ ಏಟಿನಿಂದ ಉಂಟಾಯಿತೆನ್ನುವ ಗದಾತೀರ್ಥ ಬೆಟ್ಟದ ಬುಡದಲ್ಲಿದೆ. ಶಿವರಾತ್ರಿಯಲ್ಲಿ ಇಲ್ಲಿ ಜಾತ್ರೆ ಸೇರುತ್ತದೆ. ನಾವು ಹೋದ ದಿನ ಜನವಿರಳವಾಗಿದ್ದು, ದೊಡ್ಡಮ್ಮನವರು ಪ್ರತಿ ಇಪ್ಪತ್ತು ಮೆಟ್ಟಿಲಿಗೊಮ್ಮೆ ನಿಂತು, ಯಾರ ಕೈಯನ್ನೂ ಹಿಡಿಯದೆ ಪಾರ್ವತಿಯ ಗುಡಿಯವರೆಗೆ ಏರಿದರು. ಅಲ್ಲಿ ಮೊಣಕಾಲು ನೀವಿಕೊಂಡು, ಮೇಲಿನ ಮೆಟ್ಟಿಲುಗಳನ್ನೂ ಗಡಿಯಾರವನ್ನೂ ನೋಡಿ, "ಶಿವನಿಗೆ ನೀವೇ ನನ್ನ ನಮಸ್ಕಾರ ಹೇಳ್ರಿ" ಎಂದರು.

ಕಾರಿಂಜದ ಕಪಿಗಳನ್ನು ಕುರಿತು ಒಂದು ಮಾತು. ಮಧ್ಯಾಹ್ನದ ಪೂಜೆಯ ಬಳಿಕ ನೈವೇದ್ಯದ ಅನ್ನವನ್ನು ಇಲ್ಲಿ ವಾನರಗಳಿಗೆ ಬಡಿಸುವ ಪದ್ಧತಿಯಿದೆ. ನಾವು ಮೇಲೆ ತಲುಪಿದಾಗ ಅವು ಆಗಲೇ ಸಾಲಾಗಿ ಬಂಡೆಯ ಮೇಲೆ ಕಾದಿದ್ದವು. ಹೋಗುವವರು ಕನ್ನಡಕ, ಹಣ್ಣಿನ ಚೀಲಗಳನ್ನು ಭದ್ರವಾಗಿಟ್ಟುಕೊಳ್ಳುವುದು ಒಳ್ಳೆಯದು. ದರ್ಶನ ಮುಗಿಸಿ ಕೆಳಗಿಳಿದು, ದೇವಿಯ ಗುಡಿಯ ಬಳಿ ಕಾದಿದ್ದ ದೊಡ್ಡಮ್ಮನವರನ್ನು ಕರೆದುಕೊಂಡು, ನೇತ್ರಾವತಿಯ ದಡದ ಬಂಟ್ವಾಳದಲ್ಲಿ ಊಟ ಮಾಡಿ ಊರಿನ ದಾರಿ ಹಿಡಿದೆವು.